ಒಬ್ಬರಿಗೆ ಒಂದೇ ನೆರಳು

ರಾಮಕ್ಕನನ್ನು ನಾನು ಮೊದಲು ಕಂಡದ್ದು ೧೯೯೪ರ ಜನವರಿಯಲ್ಲಿ, ಲಗ್ಗೆರೆಯಲ್ಲಿ ನಾನು ಪಾಠ ಹೇಳುತ್ತಿದ್ದ ಶಾಲೆಯ ವಾರ್ಷಿಕೋತ್ಸವದ ದಿನ. ಬೆಳಿಗ್ಗೆ ಹತ್ತು ಗಂಟೆಗೆ ವೇದಿಕೆಯ ಮುಂದೆ ಗಲಾಟೆ ಎದ್ದಿತ್ತು. ಸೆರಗನ್ನು ಸೊಂಟಕ್ಕೆ ಬಿಗಿದು, ಹೆಗಲ ಮೇಲೆ ವಿಡಿಯೋ ಕ್ಯಾಮೆರಾ ಹೊತ್ತ ಹೆಂಗಸೊಬ್ಬಳು ವೇದಿಕೆಗೆ ಕಟ್ಟಿದ್ದ ನೀಲಿ ಶಾಮಿಯಾನವನ್ನು ಬಿಚ್ಚಿಸಬೇಕೆಂದು ಹಟ ಹಿಡಿದು ನಿಂತಿದ್ದಳು.

ನಮ್ಮ ಮುಖ್ಯೋಪಾಧ್ಯಾಯರಾದ ಕರಿಬಸಪ್ಪನವರು ಅಂದು ಜರಿಯಂಚಿನ ಪಂಚೆ ಉಟ್ಟಿದ್ದರು. ಅವರ ದನಿ ಮೈದಾನದ ತುದಿಗೂ ಕೇಳುತ್ತಿತ್ತು.

"ಏನಮ್ಮಾ, ನಿನ್ನ ಕರೆಸಿರೋದು ವಿಡಿಯೋ ತೆಗೆಯೋಕೆ. ಶಾಮಿಯಾನ ಬಿಚ್ಚೋಕಲ್ಲ."

"ಈ ಬಟ್ಟೆ ಕೆಳಗೆ ನಿಂತ್ರೆ ಎಲ್ರೂ ನೀಲಿಗೆ ಕಾಣ್ತಾರೆ ಸಾರ್. ನೀವೇನಾರ ಕೃಷ್ಣನ ಪಾರ್ಟ್ ಮಾಡೋದಾದ್ರೆ ಇರ್ಲಿ ಬಿಡಿ."

ಹಿಂದೆ ನಿಂತಿದ್ದ ಏಳನೆಯ ತರಗತಿಯವರು ಕಿಸಕ್ಕನೆ ನಕ್ಕರು. ಕರಿಬಸಪ್ಪನವರ ಮುಖ ಕೆಂಪಾಯಿತು.

"ನಿಮ್ಮ ನರಸಿಂಹಯ್ಯನ ಸ್ಟುಡಿಯೋದಿಂದ ಯಾರು ಬಂದ್ರೂ ಎರಡು ಲೈಟ್ ತರ್ತಿದ್ರು. ನಿನ್ನ ಲೈಟ್ ಎಲ್ಲಿ?"

"ಅಕಾ, ಮೇಲೈತೆ. ಹನ್ನೆರಡು ಗಂಟೆತನಕ ನಿಮ್ ಸ್ಟೇಜಿಗೆ ಬಲಗಡೆಯಿಂದ ಬೀಳ್ತದೆ. ಅಷ್ಟ್ರೊಳಗೆ ಮುಗಿಸ್ಕೊಳ್ಳಿ."

"ಮುಖ್ಯ ಅತಿಥಿಗಳು ಬಿಸಿಲಲ್ಲಿ ಕೂರಬೇಕೇನು?"

"ಮಕ್ಳು ಎಂಟ್ ಗಂಟೆಯಿಂದ ಬಿಸ್ಲಲ್ಲೇ ನಿಂತವ್ರಲ್ಲ ಸಾರ್."

ಕೊನೆಗೆ ಅತಿಥಿಗಳ ಕುರ್ಚಿಗಳ ಮೇಲಿನ ಭಾಗವನ್ನು ಉಳಿಸಿ ಮಿಕ್ಕ ಶಾಮಿಯಾನವನ್ನು ಬಿಚ್ಚಿಸಲಾಯಿತು. ಹದಿನೈದು ದಿನಗಳ ಮೇಲೆ ಕ್ಯಾಸೆಟ್ಟು ಬಂದಾಗ ಶಾಲೆಯ ಟಿ.ವಿ.ಯ ಉಸ್ತುವಾರಿ ನನ್ನದಾಗಿದ್ದುದರಿಂದ ನಾನೇ ಅದನ್ನು ಹಾಕಿ ತೋರಿಸಿದೆನು. ಮಕ್ಕಳ ಮುಖದ ಮೇಲಿನ ಬೆವರು, ಅಂಟಿಸಿದ ಮೀಸೆಯ ಅಂಚು, ಪದ್ಯ ಮರೆತ ಹುಡುಗಿಯ ಕಣ್ಣಲ್ಲಿ ತುಂಬಿದ ನೀರು, ಎಲ್ಲವೂ ಎದುರಿಗೇ ನಿಂತು ನೋಡಿದಂತೆ ಇದ್ದವು. ಆದರೆ ಭಾಷಣ ಮಾಡುತ್ತಿದ್ದ ಕರಿಬಸಪ್ಪನವರ ಎಡಗೆನ್ನೆ ಪೂರ್ತಿ ನೆರಳಿನಲ್ಲಿ ಮುಳುಗಿತ್ತು.

"ನನ್ನ ಅರ್ಧ ಮುಖ ಎಲ್ಲಮ್ಮಾ?"

"ಇನ್ನರ್ಧ ಐತಲ್ಲ ಸಾರ್. ನೀವೇ ಅಂತ ಅದ್ರಲ್ಲೇ ಗೊತ್ತಾಯ್ತದೆ."

ಒಂದು ವಾರ ಕಳೆದ ಮೇಲೆ ಆಕೆ ಕೈಯಲ್ಲೊಂದು ಕಾಗದ ಹಿಡಿದು ನಮ್ಮ ಮನೆಗೆ ಬಂದಳು. ಇಟಲಿಯಿಂದ ಬಂದ ಕಾಗದ. ಇಂಗ್ಲಿಷಿನಲ್ಲಿತ್ತು. "ಮೇಷ್ಟ್ರೇ, ಓದಿ ಏಳ್ತೀರಾ? ಸ್ಟುಡಿಯೋದಲ್ಲಿ ಓದ್ಸಿದ್ರೆ ನಗ್ತಾರೆ" ಎಂದಳು. ಅಂದಿನಿಂದ ಆ ಕಾಗದಗಳನ್ನು ಓದುವುದೂ ಅವಕ್ಕೆ ಉತ್ತರ ಬರೆಯುವುದೂ ನನ್ನ ಪಾಲಿಗೆ ಬಂತು. ಆಕೆಯ ಕಥೆ ನನಗೆ ಗೊತ್ತಾದದ್ದು ಹಾಗೆ.

ರಾಮಕ್ಕ ಲಗ್ಗೆರೆಯ ಹಳೆಯ ಮನೆತನದವಳು. ಓದು ಏಳನೆಯ ತರಗತಿಗೆ ನಿಂತಿತ್ತು. ಮನೆಯವರ ರಾಗಿಹೊಲಗಳು ಕಾರ್ಖಾನೆಗಳಿಗೆ ಹೋದ ಮೇಲೆ ಆಕೆ ಪೀಣ್ಯದ ಒಂದು ಯಂತ್ರ ತಯಾರಿಸುವ ಕಾರ್ಖಾನೆಯಲ್ಲಿ ಲೇತ್ ಯಂತ್ರಗಳ ಕೆಳಗೆ ಬೀಳುವ ಕಬ್ಬಿಣದ ತುರಿ ಗುಡಿಸುವ ಕೆಲಸಕ್ಕೆ ಸೇರಿದಳು. ೧೯೯೨ರಲ್ಲಿ ಆ ಕಾರ್ಖಾನೆಗೆ ಇಟಲಿಯ ಕಂಪನಿಯೊಂದರ ಜೊತೆ ಒಪ್ಪಂದವಾಯಿತು. ಅದರ ಚಿತ್ರ ತೆಗೆಯಲು ಅಲ್ಲಿಂದ ಒಬ್ಬ ಮುದುಕ ಬಂದ. ಹೆಸರು ರೆಂಜೊ ಮಾಲ್ಫಾತ್ತಿ. ಅರವತ್ತು ದಾಟಿದ ಛಾಯಾಗ್ರಾಹಕ. ಹಡಗಿನಲ್ಲಿ ಬರಬೇಕಿದ್ದ ಆತನ ದೀಪಗಳು ಬರಲೇ ಇಲ್ಲ. ಮ್ಯಾನೇಜರುಗಳು ಕೈ ಹಿಸುಕಿಕೊಂಡರೆ ಆತ ನಕ್ಕು ಚಾವಣಿಯ ಕಡೆ ಬೆರಳು ತೋರಿಸಿದನಂತೆ.

ಪೀಣ್ಯದ ಹಳೆಯ ಶೆಡ್ಡುಗಳನ್ನು ನೋಡಿದವರಿಗೆ ಆ ಚಾವಣಿ ಗೊತ್ತು. ಗರಗಸದ ಹಲ್ಲಿನಂತೆ ಏರಿಳಿಯುತ್ತದೆ. ಪ್ರತಿ ಹಲ್ಲಿನ ನೆಟ್ಟನೆಯ ಮುಖಕ್ಕೂ ಉತ್ತರದ ಕಡೆ ಗಾಜು. ಬಿಸಿಲು ನೇರವಾಗಿ ಒಳಗೆ ಬರುವುದಿಲ್ಲ, ಬೆಳಕು ಮಾತ್ರ ಮೆತ್ತಗೆ ಇಳಿಯುತ್ತದೆ.

ರೆಂಜೊನಿಗೆ ಬಿಳಿಯ ಬಟ್ಟೆ ಹಿಡಿದು, ಆ ಬೆಳಕನ್ನು ಮುಖಗಳ ಕಡೆ ತಿರುಗಿಸಲು ಒಬ್ಬರು ಬೇಕಾಗಿದ್ದರು. ಗಂಡಸರು ಎರಡು ನಿಮಿಷ ಹಿಡಿದು, ತಾವು ಚಿತ್ರದಲ್ಲಿ ಬರುತ್ತೇವೆಯೇ ಎಂದು ಇಣುಕುತ್ತಿದ್ದರು. ರಾಮಕ್ಕ ಕದಲಲಿಲ್ಲ. ಅಷ್ಟೇ ಅಲ್ಲ, ಮೂರನೆಯ ದಿನ ಆತ ಒಂದು ಯಂತ್ರದ ಮುಂದೆ ಕ್ಯಾಮೆರಾ ಇಟ್ಟಾಗ ಆಕೆ ತಲೆಯಾಡಿಸಿ, ಪಕ್ಕದ ಯಂತ್ರವನ್ನು ತೋರಿಸಿ, ಹನ್ನೊಂದು ಗಂಟೆ ಎಂದು ಬೆರಳೆಣಿಸಿ ಹೇಳಿದಳು. ಆತ ಕಾದ. ಹನ್ನೊಂದಕ್ಕೆ ಆ ಯಂತ್ರ ಬೆಳ್ಳಿಯಂತೆ ಹೊಳೆಯಿತು.

"ನಿನಗೆ ಹೇಗೆ ಗೊತ್ತಾಯಿತು?" ಎಂದು ನಾನು ಕೇಳಿದೆ.

"ಯಾವ ಗಂಟೆಗೆ ಎಲ್ಲಿ ತುರಿ ಮಿಂಚ್ತದೆ ಅಂತ ಗುಡ್ಸೋಳಿಗೆ ಗೊತ್ತಿರಾಕಿಲ್ವಾ ಮೇಷ್ಟ್ರೇ?"

ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯದು. ಹನ್ನೊಂದು ದಿನ ಕೈಸನ್ನೆಯಲ್ಲೇ ಪಾಠ ನಡೆಯಿತು. ಹೊರಡುವ ದಿನ ಆತ ತನ್ನ ಬೆಳಕಿನ ಮೀಟರನ್ನು ಆಕೆಯ ಕೈಯಲ್ಲಿಟ್ಟ. ಅಂಗೈಯಗಲದ ಕರಿಯ ಪೆಟ್ಟಿಗೆ. ಬೆಳಕು ಬಿದ್ದರೆ ಅದರೊಳಗಿನ ಮುಳ್ಳು ಏಳುತ್ತದೆ. ಆಕೆ ಪೊರಕೆ ಬಿಟ್ಟು ನರಸಿಂಹಯ್ಯನ ಸ್ಟುಡಿಯೋಕ್ಕೆ ಹೋಗಿ ಕೆಲಸ ಕೇಳಿದ್ದು ಅದರ ಮರುತಿಂಗಳು. ಮೊದಲು ಮದುವೆಮನೆಗಳಲ್ಲಿ ದೀಪ ಹೊರುವ ಕೆಲಸ, ವರ್ಷದ ಮೇಲೆ ಕ್ಯಾಮೆರಾ.

ರೆಂಜೊನ ಕಾಗದಗಳಿಂದ ಆತನ ಬದುಕೂ ನನಗೆ ಸ್ವಲ್ಪ ಸ್ವಲ್ಪವಾಗಿ ತಿಳಿಯಿತು. ಮಂಜು ಮುಸುಕಿದ ನದೀತೀರದ ಊರು. ತಂದೆ ಇಟ್ಟಿಗೆ ಸುಡುವವನು. ಹದಿನಾರನೆಯ ವಯಸ್ಸಿಗೆ ಸ್ಟುಡಿಯೋದಲ್ಲಿ ದೀಪ ಹೊತ್ತು, ಮೂವತ್ತಕ್ಕೆ ಛಾಯಾಗ್ರಾಹಕನಾಗಿ, ಒಂಬತ್ತು ಚಿತ್ರಗಳನ್ನು ಮಾಡಿದವನು. ಕೋಣೆಯಲ್ಲಿ ಒಂದು ಕಿಟಕಿ ಇದ್ದರೆ ಆತನ ಚಿತ್ರದಲ್ಲಿಯೂ ಬೆಳಕು ಆ ಒಂದೇ ಕಿಟಕಿಯಿಂದ ಬರುತ್ತಿತ್ತು. ಕತ್ತಲೆ ಇದ್ದಲ್ಲಿ ಕತ್ತಲೆಯನ್ನು ಬಿಡುತ್ತಿದ್ದ. ಹೆಸರಾಂತ ನಟಿಯೊಬ್ಬಳ ಮುಖವನ್ನು ನೆರಳಿನಲ್ಲಿಟ್ಟನೆಂದು ನಿರ್ಮಾಪಕರು ಆತನನ್ನು ಹೊರಹಾಕಿದರು. ಕ್ಷಮೆ ಕೇಳಿದ್ದರೆ ಮರಳಿ ತೆಗೆದುಕೊಳ್ಳುತ್ತಿದ್ದರಂತೆ. ಆತ ಕೇಳಲಿಲ್ಲ. ಕಾರ್ಖಾನೆಗಳ ಚಿತ್ರ ತೆಗೆಯುತ್ತ ಉಳಿದ ಆಯುಷ್ಯ ಕಳೆದ. ಒಂದು ಕಾಗದದಲ್ಲಿ ಹೀಗೆ ಬರೆದಿದ್ದ: "ಒಬ್ಬ ಮನುಷ್ಯನಿಗೆ ಒಂದೇ ನೆರಳು. ಎರಡು ನೆರಳು ಕಂಡರೆ, ಅಲ್ಲಿ ಯಾರೋ ದೀಪ ತಂದಿಟ್ಟಿದ್ದಾರೆಂದು ತಿಳಿ."

ನಾನು ಕನ್ನಡದಲ್ಲಿ ಹೇಳಿದಾಗ ರಾಮಕ್ಕ ಅದನ್ನು ಎರಡು ಸಲ ಹೇಳಿಸಿಕೊಂಡಳು. ಜೊತೆಗೆ ಬಂದಿದ್ದ ಆಕೆಯ ಅತ್ತೆ ಅಂಜಿನಮ್ಮ ಬಾಗಿಲಲ್ಲಿ ಕುಳಿತು ಎಲೆಯಡಿಕೆ ಅಗಿಯುತ್ತಿದ್ದರು. "ಅವನ್ಯಾರೋ ಬಿಳಿಯಪ್ಪ ತಲೆ ಕೆಡ್ಸಿ ಓದ. ನಮ್ ಸೊಸೆ ಕಣ್ಣಿಗೆ ದ್ಯಾವ್ರೂ ಅರ್ಧನೇ ಕಾಣ್ತಾನೆ" ಎಂದರು.

ಇನ್ನು ೧೯೯೫ರ ಮಾತು. ಪೀಣ್ಯದಲ್ಲಿ ಆಯುಧಪೂಜೆ ಎಂದರೆ ಮನೆಯ ಹಬ್ಬಕ್ಕಿಂತ ದೊಡ್ಡದು. ಯಂತ್ರಗಳನ್ನು ತೊಳೆದು, ಬಾಳೆಕಂದು ಕಟ್ಟಿ, ಕುಂಕುಮ ಹಚ್ಚಿ, ಬಾಗಿಲಲ್ಲಿ ಬೂದುಗುಂಬಳ ಒಡೆಯುತ್ತಾರೆ. ಪ್ರತಿಯೊಬ್ಬ ಕೆಲಸಗಾರನೂ ತನ್ನ ಯಂತ್ರದ ಪಕ್ಕದಲ್ಲಿ ನಿಂತು ವಿಡಿಯೋ ತೆಗೆಸಿಕೊಳ್ಳುವುದು ಆ ವರ್ಷಗಳಲ್ಲಿ ಶುರುವಾಗಿತ್ತು. ಪ್ರೆಸ್ಸು ಯಂತ್ರಗಳಲ್ಲಿ ತಗಡು ಒತ್ತುವ ಒಂದು ಕಾರ್ಖಾನೆಗೆ ರಾಮಕ್ಕ ಹೋಗಿದ್ದಳು. ಅದರ ಹೆಸರು ಇಲ್ಲಿ ಬೇಡ. ಮಳೆಗೆ ಸೋರುತ್ತದೆಂದು ಆ ಶೆಡ್ಡಿನ ಚಾವಣಿಯ ಗಾಜಿಗೆಲ್ಲ ಟಾರು ಬಳಿದಿದ್ದರು. ಮೇಲೆ ಅಲ್ಲೊಂದು ಇಲ್ಲೊಂದು ಟ್ಯೂಬ್‌ಲೈಟು. ಆಕೆ ದೀಪ ಹಚ್ಚದೆ, ಇದ್ದುದನ್ನು ಇದ್ದ ಹಾಗೆ ತೆಗೆದಳು. ನಾಲ್ಕನೆಯ ಪ್ರೆಸ್ಸಿನ ಸೋಮಪ್ಪ ತನ್ನ ಯಂತ್ರಕ್ಕೆ ಕೈಮುಗಿದು ನಿಂತದ್ದು ಆ ಕ್ಯಾಸೆಟ್ಟಿನಲ್ಲಿದೆ. ಬಾಗಿಲ ಕಡೆಯಿಂದ ಬಂದ ಬೆಳಕು ಆತನ ಒಂದು ಭುಜವನ್ನಷ್ಟೇ ಮುಟ್ಟುತ್ತದೆ. ಪ್ರೆಸ್ಸಿನ ಬಾಯಿ ಇರುವ ಜಾಗ ಬರಿಯ ಕಪ್ಪು.

ಮೂರು ವಾರಗಳ ಮೇಲೆ, ಹಾಡುಹಗಲಿನಲ್ಲಿ, ಆ ಕಪ್ಪಿನಲ್ಲಿ ಸಿಕ್ಕಿಕೊಂಡ ತಗಡನ್ನು ಬಿಡಿಸಲು ಹೋಗಿ ಸೋಮಪ್ಪ ಬಲಗೈಯ ಮೂರು ಬೆರಳುಗಳನ್ನು ಕಳೆದುಕೊಂಡನು.

ಶೆಡ್ಡಿನಲ್ಲಿ ಬೇಕಾದಷ್ಟು ಬೆಳಕಿತ್ತು, ತಪ್ಪು ಸೋಮಪ್ಪನದೇ ಎಂದಿತು ಕಾರ್ಖಾನೆ. ಕೆಲಸಗಾರರ ಸಂಘದವರು ಆಯುಧಪೂಜೆಯ ಕ್ಯಾಸೆಟ್ಟಿನ ಪ್ರತಿಯನ್ನು ಕಾರ್ಮಿಕ ಅಧಿಕಾರಿಯ ಮುಂದಿಟ್ಟರು. ಅದನ್ನು ತೆಗೆದವಳು ಬಂದು ಹೇಳಿಕೆ ಕೊಡಬೇಕೆಂದು ಅಧಿಕಾರಿ ಹೇಳಿಕಳಿಸಿದರು.

ವಿಚಾರಣೆಯ ಹಿಂದಿನ ವಾರ ನಾನು ಶಾಲೆಯ ಗುಂಪುಚಿತ್ರದ ಪ್ರತಿ ತರಲೆಂದು ನರಸಿಂಹಯ್ಯನ ಸ್ಟುಡಿಯೋಕ್ಕೆ ಹೋಗಿದ್ದೆ. ಆ ತಗಡಿನ ಕಾರ್ಖಾನೆಯ ಮ್ಯಾನೇಜರ್ ಸಂಗಮೇಶ್ ಅಲ್ಲಿ ರಾಮಕ್ಕನ ಎದುರಿಗೆ ಕುಳಿತಿದ್ದರು. ಧಾರವಾಡದ ಕಡೆಯವರು, ಮೆತ್ತನೆಯ ಮಾತು.

"ನೋಡ್ರಿ ರಾಮಕ್ಕ, ಸುಳ್ಳ ಹೇಳ್ರಿ ಅಂತ ನಾ ಹೇಳೂದಿಲ್ಲ. ಕ್ಯಾಮೆರಾ ಸ್ವಲ್ಪ ಕೆಟ್ಟಿತ್ತು ಅನ್ರಿ, ಸಾಕು. ಯಂತ್ರ ಅಂದಮ್ಯಾಲೆ ಕೆಡತಾವ. ಅದರಾಗ ಯಾರದೂ ತಪ್ಪಿಲ್ಲ."

"ಕ್ಯಾಮೆರಾ ಕೆಟ್ಟಿರ್ಲಿಲ್ಲ ಸಾರ್."

"ಹಂಗಾರ ಆವತ್ತ ನಿಮಗ ಸರಿಯಾಗಿ ತೆಗೀಲಿಕ್ಕೆ ಬರಲಿಲ್ಲ ಅನ್ರಿ. ಮುಂದಿನ ವರ್ಷ ಈ ಸಾಲಿನ ಎಲ್ಲಾ ಫ್ಯಾಕ್ಟರಿ ಪೂಜಾನೂ ನಿಮಗ ಕೊಡಸ್ತೀನಿ."

ನರಸಿಂಹಯ್ಯ ಕೈಮುಗಿದೇಬಿಟ್ಟ. "ಅಂದ್ಬಿಡಮ್ಮಾ, ಒಂದು ಮಾತು. ತೆಗೆಯೋಕೆ ಬರಲ್ಲ ಅಂದ್ರೆ ನಿನ್ನ ಗಂಟೇನು ಹೋಗತ್ತೆ? ನಾಲ್ಕು ವರ್ಷದ ಹಿಂದೆ ನಿನಗೆ ಬರ್ತಾನೂ ಇರ್ಲಿಲ್ಲ."

"ಅವತ್ತು ಬರ್ತಿರ್ಲಿಲ್ಲ, ಬರಲ್ಲ ಅಂದೆ. ಇವತ್ತು ಬರ್ತದೆ" ಎಂದಳು ರಾಮಕ್ಕ. ಆಮೇಲೆ ಸಂಗಮೇಶರ ಕಡೆ ತಿರುಗಿ, "ಸರಿಯಾಗೇ ತೆಗ್ದಿವ್ನಿ ಸಾರ್. ಕತ್ಲೆ ನನ್ ಕ್ಯಾಮೆರಾದಲ್ಲಿ ಇರ್ಲಿಲ್ಲ. ನಿಮ್ ಶೆಡ್ಡಲ್ಲಿತ್ತು" ಎಂದಳು.

ದಾರಿಯಲ್ಲಿ ನಾನು ನಿಧಾನವಾಗಿ ಹೇಳಿದೆ: ಕ್ಯಾಮೆರಾ ನರಸಿಂಹಯ್ಯನದು, ಅವನು ಕಿತ್ತುಕೊಂಡರೆ ನಿನ್ನ ಕೆಲಸ ಅಲ್ಲಿಗೇ ಮುಗಿಯುತ್ತದೆ, ಯೋಚಿಸು. "ನನ್ ಚಿತ್ರ ಸುಳ್ಳು ಅಂತ ನಾನೇ ಅಂದ್ಬಿಟ್ರೆ, ಆಮ್ಯಾಕೆ ಯಾವ ಕ್ಯಾಮೆರಾ ಇಡ್ಕೊಂಡು ಏನ್ ಮಾಡ್ಲಿ ಮೇಷ್ಟ್ರೇ?" ಎಂದಳು.

ಕ್ಯಾಸೆಟ್ಟು ನೋಡಲು ಅಧಿಕಾರಿಯ ಬಳಿ ಯಂತ್ರವಿರಲಿಲ್ಲವಾದ್ದರಿಂದ ವಿಚಾರಣೆ ಒಂದು ಶನಿವಾರ ಬೆಳಿಗ್ಗೆ ನಮ್ಮ ಶಾಲೆಯ ಟಿ.ವಿ. ಕೋಣೆಯಲ್ಲಿ ನಡೆಯಿತು. ಸೋಮಪ್ಪ ಬ್ಯಾಂಡೇಜಿನ ಕೈಯನ್ನು ತೊಡೆಯ ಮೇಲಿಟ್ಟುಕೊಂಡು ಮಕ್ಕಳ ಬೆಂಚಿನಲ್ಲಿ ಕುಳಿತಿದ್ದ. ಅಂಜಿನಮ್ಮನೂ ಬಂದು ಬಾಗಿಲ ಬಳಿ ನಿಂತಿದ್ದರು. ಮೊದಲು ರಾಮಕ್ಕನ ಕ್ಯಾಸೆಟ್ಟನ್ನು ನೋಡಿದರು. ಅನಂತರ ಸಂಗಮೇಶ್ ಇನ್ನೊಂದನ್ನು ಕೊಟ್ಟರು.

"ಇದೂ ಅದೇ ಶೆಡ್ ಸರ್, ಹೋದ ವಾರದ್ದು. ಏನೂ ಬದಲ ಮಾಡಿಲ್ಲ. ಎಷ್ಟ್ ಬೆಳಕೈತಿ ನೀವ ನೋಡ್ರಿ. ಈಕಿ ಕಸಾ ಹೊಡಿಯೋ ಕೆಲಸದಾಕಿ ಇದ್ದಳು, ಕ್ಯಾಮೆರಾ ಹಿಡಿಯೂದು ಏನ್ ತಿಳೀತೈತಿ?"

ನಿಜಕ್ಕೂ ಶೆಡ್ಡು ಮದುವೆಮಂಟಪದಂತೆ ಝಗಝಗಿಸುತ್ತಿತ್ತು. ಅಧಿಕಾರಿ ರಾಮಕ್ಕನ ಕಡೆ ನೋಡಿದರು. ಸೋಮಪ್ಪ ತಲೆ ತಗ್ಗಿಸಿದ.

"ಮೇಷ್ಟ್ರೇ, ಅಲ್ಲಿ ನಿಲ್ಸಿ" ಎಂದಳು ರಾಮಕ್ಕ.

ನಾನು ಗುಂಡಿ ಒತ್ತಿದೆ. ಪರದೆಯ ಮೇಲೆ ಒಬ್ಬ ಕೆಲಸಗಾರನ ಚಿತ್ರ ನಡುಗುತ್ತ ನಿಂತಿತು. ಆಕೆ ಎದ್ದುಹೋಗಿ ಗಾಜಿನ ಮೇಲೆ ಬೆರಳಿಟ್ಟಳು.

"ಈ ಅಣ್ಣಂಗೆ ನೆರಳೆಷ್ಟು ಸಾರ್?"

ಅಧಿಕಾರಿ ಕನ್ನಡಕ ಸರಿಪಡಿಸಿಕೊಂಡು ಬಗ್ಗಿದರು. ಹಿಂದಿನ ಗೋಡೆಯ ಮೇಲೆ ಎಡಕ್ಕೊಂದು, ಬಲಕ್ಕೊಂದು, ಕತ್ತರಿಸಿ ಅಂಟಿಸಿದಂತಹ ಎರಡು ಕಪ್ಪು ನೆರಳುಗಳು.

"ಎರಡು" ಎಂದರು.

"ನಿಮ್ ಶೆಡ್ಡಿಗೆ ಎಷ್ಟು ಸೂರ್ಯ ಮ್ಯಾನೇಜರ್ ಸಾರ್?"

"ಟ್ಯೂಬ್‌ಲೈಟ್ ಅದಾವಲ್ಲ" ಎಂದರು ಸಂಗಮೇಶ್.

"ಟ್ಯೂಬ್‌ಲೈಟ್ ಮೇಲಿಂದ ಬೀಳ್ತದೆ. ಅದ್ರ ನೆರಳು ಮಸುಕು ಮಸುಕಾಗಿ ಕಾಲಡೀಲೇ ಬಿದ್ದಿರ್ತದೆ. ಇದು ಗೋಡೆ ಅತ್ತಿ ಆಳಿಗಿಂತ ಉದ್ದ ಆಗೈತೆ. ಸೊಂಟದೆತ್ರಕ್ಕೆ ಯಾರೋ ದೀಪ ಇಟ್ಟವ್ರೆ, ಈ ಕಡೆ ಒಂದು, ಆ ಕಡೆ ಒಂದು. ಆ ಎರಡು ದೀಪಾನೂ ನಂಗೊತ್ತು. ಒಂದು ವರ್ಷ ನಾನೇ ಎಗಲ ಮೇಲೆ ಒತ್ತಿವ್ನಿ."

ಮೂಲೆಯಲ್ಲಿ ನಿಂತಿದ್ದ ನರಸಿಂಹಯ್ಯ ಗೋಡೆಯ ಮೇಲಿನ ಭೂಪಟವನ್ನು ನೋಡತೊಡಗಿದ. ಆ ಎರಡನೆಯ ಕ್ಯಾಸೆಟ್ಟು ಯಾರು ತೆಗೆದದ್ದೆಂದು ನಮಗೆಲ್ಲ ತಿಳಿದುಹೋಯಿತು.

"ಇಷ್ಟೆಲ್ಲ ನೋಡೋದಕ್ಕೆ ನೀವೇನು ಓದಿದ್ದೀರಮ್ಮಾ?" ಎಂದು ಕೇಳಿದರು ಅಧಿಕಾರಿ. ಅವರ ದನಿಯಲ್ಲಿ ಕುಹಕವಿರಲಿಲ್ಲ.

"ಏಳ್ನೇ ಕ್ಲಾಸು ಸಾರ್. ಮಿಕ್ಕಿದ್ದು ಕಸ ಗುಡ್ಸೋವಾಗ." ಆಕೆ ಚೀಲದಿಂದ ಮೀಟರು ತೆಗೆದಳು. "ನನ್ ಮಾತು ಬ್ಯಾಡ, ಅವರ ಮಾತೂ ಬ್ಯಾಡ. ಶೆಡ್ಡು ಕಾಲ್ನಡಿಗೆ ದೂರದಲ್ಲೈತೆ. ಬಿಸ್ಲು ಇರೋವಾಗ್ಲೇ ಓಗಾನ ಬನ್ನಿ."

ಎಲ್ಲರೂ ಹೊರಟೆವು. ಹೊರಗೆ ಡಿಸೆಂಬರಿನ ಬಿಸಿಲು ಕಣ್ಣು ಕುಕ್ಕುತ್ತಿತ್ತು. ಶಾಲೆಯ ಗೇಟಿನ ಬಳಿ ಆಕೆ ಮೀಟರನ್ನು ತೋರಿಸಿದಾಗ ಮುಳ್ಳು ಬಲತುದಿಗೆ ಹೋಗಿ ನಿಂತಿತು. ಹನ್ನೊಂದೂವರೆಗೆ ಶೆಡ್ಡಿನೊಳಗೆ ಕಾಲಿಟ್ಟಾಗ ನನಗೆ ಒಂದು ಕ್ಷಣ ಏನೂ ಕಾಣಲಿಲ್ಲ. ನಾಲ್ಕನೆಯ ಪ್ರೆಸ್ಸಿನ ಬಾಯಿಯ ಹತ್ತಿರ ಆಕೆ ಮೀಟರು ಹಿಡಿದಳು. ಮುಳ್ಳು ಮಿಸುಕಲಿಲ್ಲ. ಮುಳ್ಳು ಎಲ್ಲಿದೆಯೆಂದು ಓದಿಕೊಳ್ಳಲು ಅಧಿಕಾರಿ ಕಿಸೆಯಿಂದ ಬೆಂಕಿಪೊಟ್ಟಣ ತೆಗೆದು ಕಡ್ಡಿ ಗೀರಬೇಕಾಯಿತು. ಗೀರಿದ ಮೇಲೆ ಅವರೇ ಆ ಕಡ್ಡಿಯನ್ನು ಸ್ವಲ್ಪ ಹೊತ್ತು ನೋಡುತ್ತ ನಿಂತರು.

ಬಾಗಿಲಲ್ಲಿ ಅಂಜಿನಮ್ಮನ ದನಿ ಕೇಳಿಸಿತು: "ಇಂಥಾ ಗವೀಲಿ ಕೈ ಉಳಿಸ್ಕೊಳ್ಳಾಕೆ ಅವನೇನು ಬಾವಲಿನಾ?"

ತಪ್ಪು ಸೋಮಪ್ಪನದಲ್ಲವೆಂದು ತೀರ್ಮಾನವಾಯಿತು. ಚಾವಣಿಯ ಟಾರನ್ನು ಕೆರೆಸಬೇಕೆಂದು ಆಜ್ಞೆಯಾಯಿತು. ಸೋಮಪ್ಪನಿಗೆ ಅದೇ ಕಾರ್ಖಾನೆಯ ಉಗ್ರಾಣದಲ್ಲಿ ಕೆಲಸ ಕೊಟ್ಟರು. ಆದರೆ ನರಸಿಂಹಯ್ಯ ವಿಚಾರಣೆಯ ದಿನ ಮಧ್ಯಾಹ್ನವೇ ಕ್ಯಾಮೆರಾ ವಾಪಸು ತೆಗೆದುಕೊಂಡನು. "ನಿಜ ಹೇಳೋಕೆ ನನ್ನ ಕ್ಯಾಮೆರಾನೇ ಬೇಕಿತ್ತಾ ನಿನಗೆ?" ಎಂದನಂತೆ. ಆಕೆ ಲೆನ್ಸನ್ನು ಒರೆಸಿ, ಮುಚ್ಚಳ ಹಾಕಿ, ಅವನ ಮೇಜಿನ ಮೇಲಿಟ್ಟು ಬಂದಳು.

ಮುಂದಿನ ಒಂದೂವರೆ ವರ್ಷ ಯಾವ ಕಾರ್ಖಾನೆಯೂ ಆಕೆಯನ್ನು ಪೂಜೆಗೆ ಕರೆಯಲಿಲ್ಲ. ಮತ್ತೆ ಪೊರಕೆ ಹಿಡಿದು ಬೇರೊಂದು ಶೆಡ್ಡಿಗೆ ಸೇರಿದಳು. ದಾರಿಯಲ್ಲಿ ಸಿಕ್ಕಾಗ ನಾನು ಮರುಗಿದರೆ ಆಕೆಗೆ ಸಿಟ್ಟು ಬರುತ್ತಿತ್ತು. "ಯಾಕೆ ಅಂಗೆ ನೋಡ್ತೀರಾ? ಗುಡ್ಸೋದು ನಂಗೆ ಬರ್ತದೆ, ತೆಗೆಯೋದೂ ಬರ್ತದೆ. ಬರಲ್ಲ ಅಂತ ಮಾತ್ರ ಅನ್ನಲಿಲ್ಲ." ನಡೆದದ್ದನ್ನೆಲ್ಲ ಆಕೆಯ ಪರವಾಗಿ ರೆಂಜೊನಿಗೆ ಬರೆದಿದ್ದೆ. ಆತನ ಉತ್ತರ ಎರಡೇ ಸಾಲು: "ಕತ್ತಲೆಯ ಕಾರಣಕ್ಕೆ ನಿನ್ನನ್ನೂ ಹೊರಹಾಕಿದರೇ? ಸರಿ, ಇನ್ನು ನಾವಿಬ್ಬರೂ ಒಂದೇ ಕಸುಬಿನವರು." ಅದೇ ಆತನ ಕೊನೆಯ ಕಾಗದ. ಮರುವರ್ಷ ಆತನ ಮಗಳು ಸಾವಿನ ಸುದ್ದಿ ಬರೆದಳು.

೧೯೯೭ರ ಬೇಸಗೆಯಲ್ಲಿ ಸೋಮಪ್ಪನ ಮಗಳ ಮದುವೆ. ರಾಮಕ್ಕನೇ ವಿಡಿಯೋ ತೆಗೆಯಬೇಕೆಂದು ಆತ ಪಟ್ಟು ಹಿಡಿದು, ರಾಜಾಜಿನಗರದಿಂದ ಕ್ಯಾಮೆರಾ ತರಿಸಿಕೊಟ್ಟ. ಧಾರೆ ಎರೆಯುವಾಗ ಬೀಗರ ಕಡೆಯವರೊಬ್ಬರು, "ಆ ಕೈ ಮೇಲೆ ಶಾಲು ಹಾಕ್ರಪ್ಪ, ವಿಡಿಯೋದಲ್ಲಿ ಚೆನ್ನಾಗಿ ಕಾಣಲ್ಲ" ಎಂದರು. ಸೋಮಪ್ಪ ರಾಮಕ್ಕನ ಮುಖ ನೋಡಿದ. "ನಿಮ್ ಕೈ ಸೋಮಣ್ಣ, ನಿಮ್ಮಿಷ್ಟ" ಎಂದಳು. ಆತ ಶಾಲನ್ನು ಪಕ್ಕಕ್ಕೆ ಸರಿಸಿ, ಎರಡು ಬೆರಳಿನ ಕೈಯನ್ನು ಬಾಗಿಲ ಬೆಳಕಿಗೆ ನೀಡಿ ಧಾರೆಯೆರೆದ. ಆ ಕ್ಯಾಸೆಟ್ಟು ಲಗ್ಗೆರೆಯ ಮನೆಮನೆಗೂ ಹೋಗಿ ಬಂತು. ಮುಖ ಇದ್ದ ಹಾಗೆ ತೆಗೆಯುವವಳು ಎಂದು ಜನ ಆಕೆಯನ್ನು ಹುಡುಕಿಕೊಂಡು ಬರತೊಡಗಿದರು.

ಈಗ ೧೯೯೯. ನಾನು ನಿವೃತ್ತನಾಗಿ ಎರಡು ವರ್ಷವಾಯಿತು. ರಾಮಕ್ಕನಿಗೆ ಸ್ವಂತ ಕ್ಯಾಮೆರಾ ಇದೆ. ಬೊಮ್ಮನಹಳ್ಳಿಯ ಗಾರ್ಮೆಂಟ್ಸಿನ ಹೆಣ್ಣುಮಕ್ಕಳು ಕೂಡ ಮದುವೆಗೆ ಆಕೆಯನ್ನೇ ಕರೆಯುತ್ತಾರೆ. ಕಾರ್ಖಾನೆಗಳೂ ಒಂದೊಂದಾಗಿ ಮತ್ತೆ ಕರೆದಿವೆ. ಆದರೆ ಆಕೆಯದೊಂದು ಕರಾರು ಇದೆ. ಆಯುಧಪೂಜೆಯ ಕ್ಯಾಸೆಟ್ಟು ಯಾವುದೇ ಇರಲಿ, ಮೊದಲ ಚಿತ್ರ ಚಾವಣಿಯದು. ಗಾಜಿಗೆ ಟಾರು ಇದ್ದರೆ ಟಾರು, ಧೂಳಿದ್ದರೆ ಧೂಳು. ಅದಾದ ಮೇಲೆಯೇ ಗಣಪತಿ, ಆಮೇಲೆ ಯಜಮಾನರು.

ಈ ವರ್ಷ ಸಂಗಮೇಶರೇ ಬಂದು ಕರೆದರು. ನನಗೂ ಕುತೂಹಲವೆನಿಸಿ ಜೊತೆಗೆ ಹೋಗಿದ್ದೆ. ಹೋದ ಮಳೆಗಾಲದಲ್ಲಿ ಸೋರಿತೆಂದು ಎರಡು ಸಾಲು ಗಾಜಿಗೆ ಮತ್ತೆ ಟಾರು ಬಳಿದಿದ್ದರು. ರಾಮಕ್ಕ ಒಳಗೆ ಬಂದವಳೇ ಕತ್ತೆತ್ತಿ ನೋಡಿ, ಕ್ಯಾಮೆರಾವನ್ನು ಮೇಲಕ್ಕೆ ತಿರುಗಿಸಿದಳು.

"ಇವತ್ತರೆ ದೇವರಿಂದ ಶುರು ಮಾಡ್ರಿ ರಾಮಕ್ಕ" ಎಂದರು ಸಂಗಮೇಶ್.

"ದ್ಯಾವ್ರಿಗೂ ಬೆಳಕು ಅಲ್ಲಿಂದ್ಲೇ ಬರಬೇಕಲ್ಲ ಸಾರ್" ಎಂದಳು. ಟಾರು ಬಳಿದ ಎರಡು ಸಾಲನ್ನು ಈ ತುದಿಯಿಂದ ಆ ತುದಿಯವರೆಗೆ ನಿಧಾನವಾಗಿ ತೆಗೆದಳು. ಬೂದುಗುಂಬಳ ಹಿಡಿದು ಬಾಗಿಲಲ್ಲಿ ನಿಂತಿದ್ದವರು, ಆಕೆ ಮುಗಿಸುವ ತನಕ ಕಾದರು.